ಮೂರು ತುಂಡಾದ ಕಾದಂಬರಿ

ನಾನು ಆಳಂದದಿಂದ ನರೋಣಾದ ಶಾಲೆಗೆ ದಿನಾ ಬಸ್ಸಿನಲ್ಲಿ ಹೋಗಿಬರುವ ಶಿಕ್ಷಕಿ. ನಮ್ಮ ಮನೆಯಲ್ಲಿ ಪುಸ್ತಕವೆಂದರೆ ಗಟ್ಟಿ ರಟ್ಟಿನದು, ಕಪಾಟಿನಲ್ಲಿರುವುದು. ಕೈ ತೊಳೆದೇ ಮುಟ್ಟಬೇಕು, ಹಾಳೆ ಮಡಚಬಾರದು ಎನ್ನುತ್ತಿದ್ದರು ಅಪ್ಪ. ಹೋದ ವರ್ಷ ಬಸ್ ನಿಲ್ದಾಣದಲ್ಲಿ ತೆಳು ಹೊದಿಕೆಯ ಪತ್ತೇದಾರಿ ಕಾದಂಬರಿಯೊಂದನ್ನು ಕೊಂಡು ಊಟದ ಡಬ್ಬಿಯ ಪಕ್ಕ ತುರುಕಿಕೊಂಡಾಗ ನನಗೆ ಸ್ವಲ್ಪ ಅಳುಕೇ ಆಗಿತ್ತು.

ಪಕ್ಕದ ಸೀಟಿನಲ್ಲಿ ಕೂರುತ್ತಿದ್ದವರು ನರೋಣಾದ ಆಸ್ಪತ್ರೆಯ ನರ್ಸ್. ಎರಡು ದಿನ ನನ್ನ ಭುಜದ ಮೇಲಿಂದಲೇ ಓದಿದರು. ಮೂರನೆಯ ದಿನ ನಾನು ಹಾಳೆ ತಿರುವುವಾಗ ಕೈ ಹಿಡಿದರು.

"ತಡೀರಿ ಟೀಚರ್, ನಂದಿನ್ನಾ ಎರಡು ಸಾಲು ಉಳದಾವ."

ಅಷ್ಟರಲ್ಲಿ ಬಸ್ಸು ಗುಂಡಿಗೆ ಇಳಿದು ಕುಲುಕಿತು. ಅಂಟು ಬಿಟ್ಟು ಪುಸ್ತಕ ಮೂರು ತುಂಡಾಯಿತು. ನನ್ನ ಮುಖ ಸಣ್ಣದಾಯಿತು. ನರ್ಸ್ ಮೊದಲ ತುಂಡನ್ನು ಚೀಲಕ್ಕೆ ಹಾಕಿಕೊಂಡು, "ಛಲೋ ಆತು, ಹಂಚಿಕೊಂಡು ಓದಬಹುದು" ಎಂದರು.

ಟಿಕೆಟ್ ಕೊಡುತ್ತಿದ್ದ ಕಂಡಕ್ಟರ್ ಹೆಂಗಸು ಕೈಚಾಚಿದರು. "ನನಗೂ ಒಂದು ತುಕಡಾ ಕೊಡ್ರಿ. ಕಡೀದಾದ್ರೂ ನಡೀತದ."

ಕೊಟ್ಟೆ. ಆ ವಾರವೇ ಅವರಿಗೆ ಅಫಜಲಪುರಕ್ಕೆ ವರ್ಗವಾಯಿತು. ಕೊನೆಯ ತುಂಡೂ ಅವರ ಜೊತೆ ಹೋಯಿತು. ನಾವಿಬ್ಬರೂ ಉಳಿದೆರಡು ತುಂಡು ಮುಗಿಸಿ ಕೊಲೆಗಾರ ಯಾರೆಂದು ದಿನಾ ವಾದಿಸಿದೆವು. ಕಂಪೌಂಡರ್ ಎಂದರು ನರ್ಸ್, ನಾದಿನಿ ಎಂದೆ ನಾನು. ಕೊನೆಗೆ ಕಂಡಕ್ಟರಿಗೆ ಫೋನ್ ಮಾಡಿದೆ.

"ಕೊಂದವರು ಯಾರಂತ ಹೇಳ್ಲೇನ್ರಿ?"

"ಬ್ಯಾಡ್ರಿ. ಐತವಾರ ನಾವೇ ಬರ್ತೇವಿ."

ಆ ಭಾನುವಾರ ನಿಜವಾಗಿಯೂ ಹೋದೆವು. ಅಫಜಲಪುರದ ನಿಲ್ದಾಣದಲ್ಲಿ ಕಂಡಕ್ಟರ್ ನಗುತ್ತ ಚಹಾದಂಗಡಿಯ ಕಡೆ ತೋರಿಸಿದರು. ಅವರ ಬಸ್ಸಿನ ಡ್ರೈವರ್ ಬೆಂಚಿನ ಮೇಲೆ ಕೂತು ನಮ್ಮ ತುಂಡನ್ನೇ ಓದುತ್ತಿದ್ದರು.

"ನಾಲ್ಕು ಹಾಳಿ ಉಳದಾವ, ಕುಂದರ್ರಿ," ಎಂದರು ತಲೆಯೆತ್ತದೆ.

ಎರಡು ಸಲ ಚಹಾ ಕುಡಿದ ಮೇಲೆ ತುಂಡು ಕೈಗೆ ಬಂತು. ನರ್ಸ್ ಅಲ್ಲೇ ಗಟ್ಟಿಯಾಗಿ ಓದತೊಡಗಿದರು. ಜೇವರ್ಗಿ ಬಸ್ಸಿಗೆ ಕಾಯುತ್ತಿದ್ದ ನಾಲ್ಕಾರು ಜನ ಹತ್ತಿರ ಸರಿದು ನಿಂತರು. ಕೊಂದದ್ದು ಕಂಪೌಂಡರನೂ ಅಲ್ಲ, ನಾದಿನಿಯೂ ಅಲ್ಲ, ಸೌಮ್ಯ ಸ್ವಭಾವದ ವಕೀಲ. ನಾವಿಬ್ಬರೂ ಸೋತು ನಕ್ಕೆವು.

ಕಂಡಕ್ಟರ್ ಮಾತ್ರ ನಗಲಿಲ್ಲ. "ಕೊಂದವರು ಗೊತ್ತಾತು. ಸತ್ತವರು ಯಾರಂತ ನನಗಿನ್ನಾ ಗೊತ್ತಿಲ್ರಿ. ಮೊದಲಿನ ತುಕಡಾ ಎಲ್ಲ್ಯದ?"

ಚೀಲದಲ್ಲಿದ್ದ ಎರಡೂ ತುಂಡು ಕೊಟ್ಟು ಬಂದೆವು. ಅವು ಈಗ ಯಾವ ಬಸ್ಸಿನಲ್ಲಿವೆಯೋ ಗೊತ್ತಿಲ್ಲ. ಆಳಂದದಲ್ಲಿ ಇಳಿದವರೇ ನಾನೂ ನರ್ಸೂ ಸೇರಿ ಇನ್ನೊಂದು ಕಾದಂಬರಿ ಕೊಂಡೆವು.