ರಾಜಿಯಾದ ಕೇಸು

ಬೀದಿಯವರೆಲ್ಲ ಅವಳನ್ನು ಕುದುರೆ ಎಂದೇ ಕರೆಯುತ್ತಿದ್ದರು. ಬೆಳಗಾದರೆ ಸವೆದ ಬೂಟು ತೊಟ್ಟು ರೈಲು ಹಳಿಯ ಪಕ್ಕದ ಮಣ್ಣುದಾರಿಯಲ್ಲಿ ಓಡುತ್ತಿದ್ದಳು. ಆಮೇಲೆ ಪಾರ್ಸೆಲ್ ಗೋದಾಮಿನಲ್ಲಿ ಪೆಟ್ಟಿಗೆ ಹೊರುವ ಕೆಲಸ. "ಇವಳಿಗೆ ಗಂಡು ಹುಡುಕೋದಾದ್ರೆ ಮೊದಲು ಓಟದ ಪಂದ್ಯ ಇಡ್ಬೇಕು," ಎಂದು ಮೇಸ್ತ್ರಿ ನಗಾಡುತ್ತಿದ್ದ. ಅವಳಿಗೆ ಬೇಕಾಗಿದ್ದದ್ದು ಗಂಡಲ್ಲ, ಪೊಲೀಸ್ ಕೆಲಸ.

ಅದಕ್ಕಾಗಿ ಲಿಖಿತ ಪರೀಕ್ಷೆ ಬರೆದಳು, ಓಡಿದಳು, ಜಿಗಿದಳು, ಪಾಸಾದಳು. ಶಾಲೆಯಲ್ಲಿ ಕಸ ಗುಡಿಸುವ ಅಮ್ಮ, ಸುದ್ದಿ ಕೇಳಿ ಪೊರಕೆ ಹಿಡಿದುಕೊಂಡೇ ಮನೆಗೆ ಓಡಿಬಂದಳು. ಉಳಿದಿದ್ದದ್ದು ಪೊಲೀಸರು ಅವಳ ಪೂರ್ವಾಪರ ವಿಚಾರಿಸುವುದು ಮಾತ್ರ. ನಿಮ್ಮ ಮೇಲೆ ಯಾವತ್ತಾದರೂ ಕ್ರಿಮಿನಲ್ ಕೇಸು ಇತ್ತೇ ಎಂದು ಕೇಳಿದ್ದಕ್ಕೆ ಅವಳು "ಇತ್ತು" ಎಂದೇ ಹೇಳಿದಳು.

ನಡೆದದ್ದು ಇಷ್ಟು. ಕೆಲವು ವರ್ಷಗಳ ಹಿಂದೆ ಅಕ್ಕನನ್ನು ನೋಡಲು ಹೋದಾಗ, ಭಾವ ಅಕ್ಕನ ಕೂದಲು ಹಿಡಿದು ತಲೆಯನ್ನು ಅಡುಗೆಮನೆಯ ಗೋಡೆಗೆ ಜಜ್ಜುತ್ತಿದ್ದ. ಬಿಡು ಎಂದು ಕೂಗಿದಳು, ಬಿಡಲಿಲ್ಲ. ಕೈಗೆ ಸಿಕ್ಕ ಮರದ ಸ್ಟೂಲು ಎತ್ತಿ ಬೀಸಿದಳು. ಭಾವನ ಮಣಿಕಟ್ಟು ಮುರಿಯಿತು. ಬಸ್ ಓಡಿಸುವ ಮನುಷ್ಯ, ತಿಂಗಳುಗಟ್ಟಲೆ ಮನೆಯಲ್ಲಿ ಕೂತ. ದೂರು ಕೊಟ್ಟ. ಕೊನೆಗೆ ಅಕ್ಕ ಕಾಡಿಬೇಡಿ ಅವನನ್ನು ರಾಜಿಗೆ ಒಪ್ಪಿಸಿದಳು. ಸ್ಟೂಲಿನ ಮಾತು ಕೋರ್ಟಿನಲ್ಲಿ ಬಂತು, ಗೋಡೆಯ ಮಾತು ಯಾರೂ ಎತ್ತಲಿಲ್ಲ.

ಈಗ ನೋಟಿಸು ಬಂದಿತ್ತು. ಆಯ್ಕೆಯನ್ನು ಏಕೆ ರದ್ದು ಮಾಡಬಾರದು, ಬಂದು ಹೇಳಿ ಎಂದು.

"ಮುಚ್ಚಿಡಲಿಲ್ಲವಲ್ಲ, ಬಚಾವಾದೆ," ಎಂದರು ವಕೀಲರು. "ಆದ್ರೆ ರಾಜಿ ಆಗೋದು ಬೇರೆ, ತಪ್ಪಿಲ್ಲ ಅಂತ ಆಗೋದು ಬೇರೆ. ಕೊಡೋದು ಬಿಡೋದು ಇಲಾಖೆಗೆ ಬಿಟ್ಟಿದ್ದು. ನಿಮ್ಮಕ್ಕ ಬಂದು ಇದ್ದದ್ದು ಇದ್ದ ಹಾಗೆ ಹೇಳಿದ್ರೆ ತೂಕ ಬರುತ್ತೆ."

ಕುದುರೆ ಅಕ್ಕನ ಮನೆಗೆ ಹೋದಳು. ಅಕ್ಕ ಮಗಳಿಗೆ ತಲೆ ಬಾಚುತ್ತಿದ್ದಳು. ವಿಷಯ ಕೇಳಿದವಳೇ ಬಾಚಣಿಗೆ ಕೆಳಗಿಟ್ಟಳು.

"ಈಗ ಅವರು ಮೊದಲಿನ ಥರ ಇಲ್ಲ ಕಣೆ."

"ಹೊಡೆಯೋದೇ ಇಲ್ವಾ?"

"ಮೊದಲಿನಷ್ಟು ಇಲ್ಲ."

ಅಷ್ಟರಲ್ಲಿ ಭಾವ ಒಳಗೆ ಬಂದ. "ಏನು ನಾದಿನಿ, ಪೊಲೀಸಮ್ಮ ಆಗ್ತೀಯಂತೆ? ನನ್ನನ್ನೇ ಮೊದಲು ಒಳಗೆ ಹಾಕ್ತೀಯಾ?" ಎಂದು ನಕ್ಕ. ಅಕ್ಕನೂ ನಕ್ಕಳು. ಆ ನಗು ನೋಡಿ ಕುದುರೆ ಮತ್ತೆ ಆ ಮಾತೆತ್ತದೆ ಎದ್ದು ಬಂದಳು.

ವಿಚಾರಣೆಯ ದಿನ ಅಧಿಕಾರಿ ಕೇಳಿದರು, "ಯಾಕಮ್ಮ ಹೊಡೆದೆ?"

"ಅಕ್ಕನ್ನ ಸಾಯಿಸಿಬಿಡ್ತಾನೆ ಅನ್ನಿಸ್ತು ಸರ್."

"ನೋಡಿದವರು ಯಾರಾದ್ರೂ ಇದ್ದಾರಾ?"

ಇದ್ದಾರೆ ಎಂದರೆ ಅಕ್ಕನನ್ನು ಎಳೆದು ತಂದಂತೆ. ಇಲ್ಲ ಎಂದರೆ ಸುಳ್ಳು. ಆಗ ಬಾಗಿಲ ಬಳಿಯ ಪೇದೆ, ಹೊರಗೆ ಯಾರೋ ಹೆಂಗಸು ಬಂದಿದ್ದಾರೆ ಎಂದ. ಅಕ್ಕ. ಎರಡು ಬಸ್ ಬದಲಿಸಿ, ಬೆವೆತು ಬಂದಿದ್ದಳು. ತಂಗಿಯ ಮುಖ ನೋಡಲಿಲ್ಲ. ಸೀದಾ ಮೇಜಿನ ಹತ್ತಿರ ಹೋಗಿ, ಬೈತಲೆಯ ಪಕ್ಕ ಕೂದಲು ಬಿಡಿಸಿ ಗಾಯದ ಕಲೆ ತೋರಿಸಿದಳು.

"ಇವಳು ಬರದಿದ್ರೆ ನಾನು ಇರ್ತಿರಲಿಲ್ಲ ಸರ್. ಅವತ್ತು ಹೇಳೋಕೆ ಧೈರ್ಯ ಬರಲಿಲ್ಲ."

ಸುದ್ದಿ ಅಕ್ಕನಿಗಿಂತ ಮುಂಚೆ ಅವಳ ಗಂಡನ ಮನೆ ಮುಟ್ಟಿತ್ತು. ಅಕ್ಕ ವಾಪಸು ಹೋದಾಗ ಒಳಗಿನಿಂದ ಚಿಲಕ ಹಾಕಿತ್ತು. ಮಗಳು ಅಳುವುದು ಕೇಳಿಸುತ್ತಿತ್ತು. ಎಷ್ಟು ಬಡಿದರೂ ಅತ್ತೆ ಬಾಗಿಲು ತೆಗೆಯಲಿಲ್ಲ. ಉಟ್ಟ ಬಟ್ಟೆಯಲ್ಲೇ ತವರಿಗೆ ಬಂದಳು.

ಮುಂದಿನ ತಿಂಗಳು ಆದೇಶ ಬಂತು. ಕುದುರೆಗೆ ಕೆಲಸ ಸಿಕ್ಕಿತ್ತು. ಬೀದಿಯವರು ಬಂದು ಬೆನ್ನು ತಟ್ಟಿದರು. ಅವಳು ಮಾತ್ರ ನಗಲಾರದೆ ಹಿತ್ತಲಿಗೆ ಹೋಗಿ ನಿಂತಳು. ಅಕ್ಕ ಅಲ್ಲೇ ಬಟ್ಟೆ ಒಗೆಯುತ್ತಿದ್ದಳು.

"ನಾನು ಹೋಗಲ್ಲ ಅಕ್ಕಾ. ನನ್ನಿಂದ ನಿನ್ನ ಮಗು..."

"ಬಾಯಿ ಮುಚ್ಚು," ಎಂದಳು ಅಕ್ಕ. ಕೈಯ ಸೋಪಿನ ನೊರೆ ಒರೆಸಿಕೊಂಡಳು. "ಹೋಗು. ಮಗೂನ ವಾಪಸ್ ತರೋಕೆ ಎಲ್ಲಿ ದೂರು ಕೊಡ್ಬೇಕು, ಏನಂತ ಕೊಡ್ಬೇಕು, ಅದನ್ನ ಮೊದಲು ಕಲಿತು ಬಾ."