ಎದುರು ಫ್ಲ್ಯಾಟಿನ ಪೈಲ್ವಾನರು

ಮಸ್ಕತ್ತಿನ ದಾರ್ಸೈಟಿನ ನಮ್ಮ ಬಿಲ್ಡಿಂಗಿನಲ್ಲಿ ಎದುರು ಫ್ಲ್ಯಾಟಿನ ಬೆಲ್ ಒತ್ತುವಾಗೆಲ್ಲ ನನ್ನ ಎದೆ ಡವಡವ ಅನ್ನುತ್ತಿತ್ತು. ಒಳಗಿದ್ದವರು ವೇಲ್ಸ್ ದೇಶದ ಮುದುಕರೊಬ್ಬರು. ಬಾಗಿಲಿನಷ್ಟು ಅಗಲ, ಕುತ್ತಿಗೆಯೇ ಇಲ್ಲ, ಕಿವಿಗಳು ಕರಿದ ಹಪ್ಪಳದ ಹಾಗೆ ಮುದುರಿದ್ದವು. ಅವರ ಮಗಳು ನಮ್ಮ ಮಂಗಳೂರಿನ ಹುಡುಗನನ್ನೇ ಮದುವೆಯಾದವಳು. ಗಂಡನಿಗೆ ಸೊಹಾರ್ ಪೋರ್ಟಿನಲ್ಲಿ ಕೆಲಸ, ವೀಕೆಂಡಿಗೆ ಮಾತ್ರ ಬರುವುದು. ಅವಳು ಸ್ಕೂಲ್ ಟೀಚರ್. ತಾಯಿ ತೀರಿಹೋದ ಮೇಲೆ ತಂದೆಯನ್ನು ಇಲ್ಲಿಗೆ ಕರೆಸಿಕೊಂಡಿದ್ದಳು.

"ಆಂಟಿ, ಬೆಳಿಗ್ಗೆ ಹೊತ್ತು ಡ್ಯಾಡಿ ಹತ್ತಿರ ಸ್ವಲ್ಪ ಕೂತ್ಕೊಳ್ತೀರಾ?" ಎಂದು ಒಂದು ದಿನ ಕೇಳಿದಳು. ನನ್ನ ಕಾನ್ವೆಂಟ್ ಇಂಗ್ಲಿಷ್ ಅವರಿಗೆ ಇಷ್ಟವಂತೆ. ಕುಸ್ತಿಯಲ್ಲಿ ಹೊಡೆತ ಬಿದ್ದೂ ಬಿದ್ದೂ ಅವರ ತಲೆ ಈಗೀಗ ಹಿಂದಿನ ಕಾಲಕ್ಕೆ ಓಡುತ್ತಿತ್ತು. ಒಮ್ಮೆ ವಾಚ್‌ಮನ್‌ನನ್ನು ಗೋಡೆಗೆ ಒತ್ತಿ ಹಿಡಿದಿದ್ದರು. "ಇನ್ನೊಂದು ಸಲ ಹೀಗಾದರೆ ವೇಲ್ಸಿನ ಓಲ್ಡ್ ಏಜ್ ಹೋಮಿಗೆ ಕಳಿಸಲೇಬೇಕು ಆಂಟಿ" ಎಂದಳು. ಸೋಫಾದ ಮೇಲಿದ್ದ ಅವರು ಕೇಳಿಸಿಕೊಂಡರು.

ನನ್ನ ಮಗಳು ರೇಗಿದಳು. "ಮಮ್ಮಿ, ಸೊಂಟದ ಆಪರೇಶನ್ ಆಗಿ ವರ್ಷ ಆಗ್ಲಿಲ್ಲ. ಆ ಗೂಳಿಯ ಹತ್ರ ನಿಮಗೆಂಥ ಸೋಶಿಯಲ್ ಸರ್ವಿಸ್?"

ಆದರೆ ತಲೆ ನೆಟ್ಟಗಿದ್ದ ದಿನಗಳಲ್ಲಿ ಅವರಷ್ಟು ಜೆಂಟಲ್‌ಮನ್ ಇನ್ನೊಬ್ಬರಿಲ್ಲ. ನನ್ನನ್ನು "ಮಿಸ್" ಅನ್ನುವುದು. ಕಲ್ಲಿದ್ದಲಿನ ಊರು ಅವರದು, ಶನಿವಾರ ಶನಿವಾರ ಊರಿನ ಟೀಮಿಗೆ ರಗ್ಬಿ ಆಡಿದವರು. ಮಕ್ಕಳ ಹೊಟ್ಟೆಪಾಡಿಗೆಂದು ಕುಸ್ತಿಯ ಶೋಗೆ ಸೇರಿದ ದಿನವೇ, ದುಡ್ಡಿಗೆ ಆಡುವವನು ಬೇಡವೆಂದು ರಗ್ಬಿಯವರು ಕ್ಲಬ್ಬಿನೊಳಗೆ ಬಿಟ್ಟುಕೊಳ್ಳುವುದನ್ನು ನಿಲ್ಲಿಸಿದರಂತೆ. ಆಮೇಲೆ ಆ ಮುಖ ನೋಡಿ ಸಿನಿಮಾದವರು ಕರೆದರು. "ಹನ್ನೊಂದು ಪಿಕ್ಚರಿನಲ್ಲಿ ಸತ್ತಿದ್ದೇನೆ ಮಿಸ್. ಮಾತಾಡಿದ್ದು ಎರಡರಲ್ಲಿ. ಅದರಲ್ಲೂ ಒಂದರಲ್ಲಿ ಬರೀ 'ಆ' ಅಂದದ್ದು."

ಕುಸ್ತಿಯ ಒಂದು ಗುಟ್ಟನ್ನೂ ಹೇಳಿದ್ದರು. ಜನ ಕೂಗುತ್ತಿರುವಾಗ ಕುತ್ತಿಗೆ ಹಿಡಿದವನು ಎದುರಾಳಿಯ ಕಿವಿಯಲ್ಲಿ ಮುಂದಿನ ಪಟ್ಟು ಯಾವುದೆಂದು ಪಿಸುಗುಡುತ್ತಾನೆ. ಇಬ್ಬರೂ ಒಪ್ಪಿಯೇ ಬೀಳುವುದು.

ಆ ಬೆಳಿಗ್ಗೆ ನಾನು ಪೇಪರ್ ಓದಿ ಹೇಳುತ್ತಿದ್ದೆ. ಕೆಳಗೆ ಗ್ಯಾಸ್ ಗಾಡಿ ಬಂತು. ಗಾಡಿಯವನು ಸಿಲಿಂಡರಿಗೆ ಸ್ಪ್ಯಾನರ್‌ನಿಂದ ಟಣ್ ಎಂದು ಬಡಿದ. ಅವರು ಎದ್ದರು. ಕಣ್ಣಿನಲ್ಲಿ ನಾನಿರಲಿಲ್ಲ. ಆ ಟಣ್ ಅವರಿಗೆ ಕುಸ್ತಿ ಶುರುವಾದ ಗಂಟೆ.

ನಾನು ಬಾಗಿಲಿಗೆ ಹೋಗುವಷ್ಟರಲ್ಲಿ ಅವರ ತೋಳು ನನ್ನ ಕುತ್ತಿಗೆಯ ಸುತ್ತ ಇತ್ತು. ಜೀಸಸ್ ಮೇರಿ! ವಿಚಿತ್ರವೆಂದರೆ ತೋಳು ಒತ್ತುತ್ತಿರಲಿಲ್ಲ. ಶಾಲು ಹೊದಿಸಿದ ಹಾಗೆ ಸಡಿಲವಾಗಿತ್ತು. ಆದರೆ ಕಿವಿಯ ಹತ್ತಿರ ಪಿಸುಮಾತು ಬಂತು: "ಈಗ ಎತ್ತಿ ಒಗೆಯುತ್ತೇನೆ. ಗದ್ದ ಎದೆಗೆ ಒತ್ತಿಕೋ."

ನನ್ನ ಸೊಂಟದೊಳಗಿನ ಸ್ಟೀಲ್ ನೆನಪಾಯಿತು. ಅವರ ಕೈ ಆಗಲೇ ನನ್ನ ಬೆನ್ನಿನ ಕೆಳಗೆ ಹೋಗುತ್ತಿತ್ತು. ಕಾಲಿನ ಚಪ್ಪಲಿ ಒಂದು ಕಳಚಿತು. ಕೂಗಿದರೆ ಅವರಿಗೆ ಅದು ಆಡಿಯನ್ಸಿನ ಗಲಾಟೆ ಅಷ್ಟೇ. ನಾನೂ ಪಿಸುಗುಟ್ಟಿದೆ:

"ಪ್ಲಾನ್ ಚೇಂಜ್. ಈಗ ನೀವು ಗೆದ್ದಿರಿ. ಬಿಡಿ."

"ನಾನಾ?" ಅವರಿಗೆ ನಗು ಬಂತು. "ನಾನು ಗೆಲ್ಲುವವನಲ್ಲ. ನಾನು ವಿಲನ್."

"ಹಾಗಾದರೆ ಸೋಲಿ. ಈಗಲೇ."

ತೋಳು ಬಿಟ್ಟಿತು. ಆ ದೊಡ್ಡ ದೇಹ ಮೊಣಕಾಲೂರಿ, ಮೆಲ್ಲಗೆ ಮಗ್ಗುಲಾಗಿ, ಕಾರ್ಪೆಟ್ ಮೇಲೆ ಅಂಗಾತ ಮಲಗಿತು. ನಾನು ರೆಫರಿಯ ಹಾಗೆ ಒನ್, ಟೂ, ಥ್ರೀ ಎಣಿಸಿದೆ.

ಅವರಿಗೆ ಏಳಲಾಗಲಿಲ್ಲ. ನನಗೆ ಎಬ್ಬಿಸುವ ಶಕ್ತಿ ಇರಲಿಲ್ಲ. ದಿಂಬು ಕೊಟ್ಟೆ, ನೀರು ಕುಡಿಸಿದೆ. ಫೋನಿಗೆ ಅವರ ಮಗಳು ಸಿಗಲಿಲ್ಲ, ಕ್ಲಾಸಿನಲ್ಲಿದ್ದಳು. ಬಾಗಿಲನ್ನು ತೆರೆದಿಟ್ಟು, ಹೊಸ್ತಿಲ ಹತ್ತಿರವೇ ಕುರ್ಚಿ ಎಳೆದುಕೊಂಡು ಕೂತೆ. ಎಷ್ಟೋ ಹೊತ್ತಿನ ಮೇಲೆ ಅವರು ನನ್ನನ್ನು ಗುರುತಿಸಿದರು.

"ನೋವಾಯಿತಾ ಮಿಸ್?"

"ಇಲ್ಲ."

"ಅವಳಿಗೆ ಹೇಳ್ತೀರಾ?"

ಆಗ ನೋಡಿದೆ, ಆ ಮುಖದಲ್ಲಿ ಹೆದರಿಕೆ. ನನ್ನ ಹೆದರಿಕೆಗಿಂತ ದೊಡ್ಡದು. ನಾನು ಕಳಚಿದ ಚಪ್ಪಲಿಯನ್ನು ಹುಡುಕಿ ಹಾಕಿಕೊಂಡೆ.

ಒಂದು ಗಂಟೆಗೆ ಅವರ ಮಗಳು ಬಂದು ಬ್ಯಾಗ್ ಕೆಳಗೆ ಹಾಕಿದಳು. "ಆಂಟಿ, ವಾಟ್ ಹ್ಯಾಪನ್ಡ್? ಜಾರಿ ಬಿದ್ದರಾ?"

'ಹೌದು' ಅಂದಿದ್ದರೆ ಮುಗಿಯುತ್ತಿತ್ತು. ಸುಳ್ಳು ಪಾಪವೆಂದು ಕಾನ್ವೆಂಟಿನ ಸಿಸ್ಟರುಗಳು ಕಲಿಸಿದ್ದಕ್ಕಾಗಿ ಸತ್ಯ ಹೇಳಿದೆ ಅಂತ ಆಮೇಲೆ ಪಾದ್ರಿಯ ಮುಂದೆ ಕನ್ಫೆಶನ್ನಿನಲ್ಲಿ ಹೇಳಿಕೊಂಡೆ. ಅದೂ ಪೂರ್ತಿ ಸರಿಯಲ್ಲ. ಹೇಳಿದ್ದು ಹೆದರಿಕೆಗೆ. ಎಲ್ಲ ಹೇಳಿದೆ, ಒಂದೂ ಬಿಡದೆ. ಅವಳು ಅಲ್ಲೇ ಕೂತು, ತಂದೆಯ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡು, ವೇಲ್ಸಿನ ಟಿಕೆಟಿನ ವಿಷಯ ಏನೂ ಎತ್ತದೆ, ಅವರ ಕೂದಲು ಸರಿಮಾಡುತ್ತಿದ್ದಳು. ಅವರು ಕಣ್ಣು ಮುಚ್ಚಿಕೊಂಡಿದ್ದರು.

"ನಾಳೆಯಿಂದ ನಾನು ಬರುವುದಿಲ್ಲ ಮಗಾ" ಎಂದೂ ಸೇರಿಸಿದೆ. ಅವರಿಗೆ ಕೇಳಿಸುವ ಹಾಗೆ. ಅದೊಂದನ್ನು ಹೊರಗೆ ಕಾರಿಡಾರಿಗೆ ಬಂದು ಹೇಳಬಹುದಿತ್ತು.