ಕಾನಾನಿನ ದೇವರಿಗೆ ಉಡುಪಿಯ ಪ್ರದಕ್ಷಿಣೆ

ಉಡುಪಿಯಿಂದ ನಾನಿರುವ ಡಚ್ಚರ ಊರು ಯುಟ್ರೆಕ್ಟ್‌ಗೆ ಬಂದಿದ್ದ ನನ್ನ ಅತ್ತೆಯನ್ನು ಒಂದು ಮ್ಯೂಸಿಯಮ್ಮಿಗೆ ಕರೆದುಕೊಂಡು ಹೋಗಿದ್ದೆ. ಅಲ್ಲಿ ಗಾಜಿನ ಪೆಟ್ಟಿಗೆಯೊಳಗೆ ಕೈ ಎತ್ತಿ ನಿಂತ ಪುಟ್ಟ ಕಂಚಿನ ಮೂರ್ತಿಯೊಂದಿತ್ತು. "ಇವನು ಬಾಳ್, ಹಳೆಯ ಕಾನಾನ್ ದೇಶದ ಮಳೆ ದೇವರು," ಎಂದು ಓದಿ ಹೇಳಿದ್ದೇ ತಡ, ಅತ್ತೆ ಗೋಡೆಯ ಪಕ್ಕ ಚಪ್ಪಲಿ ಬಿಟ್ಟು ಪ್ರದಕ್ಷಿಣೆ ಶುರು ಮಾಡಿದರು.

ಕಾವಲುಗಾರ ಓಡಿ ಬಂದ. ಇಲ್ಲಿ ಬರಿಗಾಲಲ್ಲಿ ಓಡಾಡುವಂತಿಲ್ಲ, ಚಪ್ಪಲಿ ಹಾಕದಿದ್ದರೆ ಹೊರಗೆ ಕಳಿಸಬೇಕಾಗುತ್ತದೆ ಎಂದ.

"ದೇವರೆದುರು ಚಪ್ಪಲಿಯಾ? ಸತ್ತರೂ ಹಾಕುವುದಿಲ್ಲ ಅಂತ ಹೇಳು ಮಾರಾಯ್ತಿ," ಎಂದರು ಅತ್ತೆ. ನಾನು ಡಚ್ಚಿನಲ್ಲಿ ಸ್ವಲ್ಪ ಮೆತ್ತಗೆ ಮಾಡಿ ಹೇಳಿದೆ.

"ಈ ದೇವರನ್ನು ಸಾವಿರಾರು ವರ್ಷಗಳಿಂದ ಯಾರೂ ಪೂಜಿಸುತ್ತಿಲ್ಲ, ಮೇಡಂ," ಎಂದ ಆತ.

ಅದನ್ನು ಕನ್ನಡದಲ್ಲಿ ಹೇಳಿದಾಗ ಅತ್ತೆಯ ಮುಖ ಬಾಡಿತು. "ಪಾಪ! ಹಾಗಾದರೆ ಇನ್ನೊಂದೆರಡು ಸುತ್ತು ಜಾಸ್ತಿಯೇ ಬರಬೇಕು."

ಆತ ಮೇಲಿನವರನ್ನು ಕರೆಯಲು ವಾಕಿಟಾಕಿ ಎತ್ತಿದ. ಅಷ್ಟರಲ್ಲಿ ಒಳಗೆ ಬಂದ ಡಚ್ ದಂಪತಿ ಚಪ್ಪಲಿ ನೋಡಿ, ಇಲ್ಲಿನ ನಿಯಮವೇ ಇದಿರಬೇಕೆಂದು ತಾವೂ ಶೂ ಬಿಚ್ಚಿ, ನೀಟಾಗಿ ಜೋಡಿಸಿಟ್ಟು, ಅತ್ತೆಯ ಹಿಂದೆ ಗಂಭೀರವಾಗಿ ಸುತ್ತತೊಡಗಿದರು. ಅವರನ್ನು ನೋಡಿ ಮತ್ತಷ್ಟು ಜನ.

ಕಾವಲುಗಾರ ವಾಕಿಟಾಕಿ ಇಳಿಸಿ, ಬೆಳೆಯುತ್ತಿದ್ದ ಶೂಗಳ ಸಾಲಿನ ಪಕ್ಕ ಹೋಗಿ ನಿಂತ. ಚಪ್ಪಲಿ ಕಾಯುವವನೊಬ್ಬ ಸಿಕ್ಕಿದರೆ ದೇವಸ್ಥಾನಕ್ಕೆ ಇನ್ನೇನು ಬೇಕು?